ಅಧಿಕ ಮಾಸದ ಕೂಸು

ಹೆಣ್ಣು ಮಗು. ಮೊದಲು ಇದನ್ನು ಹೇಳಿಬಿಡುತ್ತೇನೆ, ಉಳಿದದ್ದೆಲ್ಲ ಆಮೇಲೆ. ಮದುವೆಯಾದ ಎಂಟು ವರ್ಷದ ಮೇಲೆ ನನ್ನ ಮಗಳು ಕಾಶಿಗೆ ಹೆಣ್ಣು ಮಗು ಹುಟ್ಟಿದೆ. ತಲೆ ತುಂಬ ಕೂದಲು. ಕೈ ಉಗುರು ನೋಡಿದರೆ ಆಗಲೇ ತೆಗೆಯಬೇಕು ಎನ್ನುವಷ್ಟು ಬೆಳೆದಿವೆ. ಅತ್ತರೆ ಊರ ಅಗಸಿ ಬಾಗಿಲ ತನಕ ಕೇಳುತ್ತದೆ. ನಿನ್ನೆ ಹದಿಮೂರನೆಯ ದಿನ, ತೊಟ್ಟಿಲಿಗೆ ಹಾಕಿದೆವು.

ಹುಟ್ಟಿದ್ದು ಎಲ್ಲಿ ಅಂತೀರಿ? ವಿಜಾಪುರದ ಜೋರಾಪುರ ಪೇಟೆಯ ನಮ್ಮ ಮನೆಯಲ್ಲಲ್ಲ. ಅಲ್ಲಿ ಬಾಣಂತಿಗೆಂದು ಕೋಣೆಗೆ ಸುಣ್ಣ ಬಳಿಸಿ, ಹೊರಸಿನ ಹಗ್ಗ ಬಿಗಿಸಿ, ನೀರು ಕಾಸಲು ಕುಳ್ಳು ಒಟ್ಟಿಸಿ ಎಲ್ಲ ಸಜ್ಜು ಮಾಡಿದ್ದೆ. ಕೂಸು ಅದನ್ನೆಲ್ಲ ಬಿಟ್ಟು ಬಿಜ್ಜರಗಿಯಲ್ಲಿ ಹುಟ್ಟಿತು. ಹನ್ನೆರಡು ವರ್ಷ ಬೀಗ ಬಿದ್ದಿದ್ದ ನಮ್ಮ ಹಳೆಯ ಮನೆಯಲ್ಲಿ. ಅದೂ, ಆ ಮನೆಯನ್ನು ಬಿಚ್ಚಲು ಬಂದ ಬಡಿಗ ಮಾಳಿಗೆಗೆ ಹಾರೆ ಹಾಕಿಯಾದ ಮೇಲೆ.

ನಾನು ಸಾರವಾಡದ ಸಾಲಿಯಲ್ಲಿ ಎರಡನೆಯ ಇಯತ್ತೆ ಮುಗಿಸುವ ಮೊದಲೇ ನನ್ನ ಮದುವೆ ಮುಗಿಸಿದರು. ಒಂದರ ಹಿಂದೆ ಒಂದು ಒಪ್ಪವಾಗಿ ಜೋಡಿಸಿ ಹೇಳುವುದು ನನಗೆ ಬರುವುದಿಲ್ಲ. ಅದರ ಮೇಲೆ ಈಗ ಖುಷಿ ಬೇರೆ. ಒಲೆಯ ಮೇಲಿನ ಹಾಲಿನ ಹಾಗೆ ಎತ್ತೆತ್ತಲೋ ಉಕ್ಕುತ್ತದೆ. ನೀವೇ ಸಾವರಿಸಿಕೊಂಡು ಓದಿ.

ಆ ಮನೆಗೂ ನನಗೂ ಇರುವ ನಂಟು ಹೇಳಹೊರಟರೆ ಕೇಳುವವರ ತಲೆ ತಿರುಗುತ್ತದೆ. ಅವ್ವನ ತವರು ಬಿಜ್ಜರಗಿ. ಚೊಚ್ಚಲು ಬಾಣಂತನಕ್ಕೆ ಅವ್ವ ಅಲ್ಲಿಗೆ ಬಂದಳು, ನಾನು ಆ ಮನೆಯ ನಡುಕೋಣೆಯಲ್ಲಿ ಹುಟ್ಟಿದೆ. ಬೆಳೆದದ್ದು ಅಪ್ಪನ ಊರು ಸಾರವಾಡದಲ್ಲಿ. ಹತ್ತು ತುಂಬುವುದರೊಳಗೆ ಅವ್ವ ನನ್ನನ್ನು ತನ್ನ ತಮ್ಮನಿಗೇ ಕೊಟ್ಟು ಮದುವೆ ಮಾಡಿದಳು. ಹೀಗಾಗಿ ಹುಟ್ಟಿದ ಮನೆಗೇ ಸೊಸೆಯಾಗಿ ಹೋದೆ. ಅವ್ವನ ತಾಯಿ, ನನ್ನ ಆಯಿ ಬಸವ್ವ, ನನಗೆ ಅತ್ತೆಯಾದಳು. ನಿನ್ನೆಯ ತನಕ ನನ್ನನ್ನು ಹೆಗಲ ಮೇಲೆ ಕೂರಿಸಿಕೊಂಡು ಹೊಲಕ್ಕೆ ಒಯ್ಯುತ್ತಿದ್ದ ಮಾಮಾ ಗಂಡನಾದರು. ಗಂಡನ ಹೆಸರು ಹೇಳಬಾರದು ಎನ್ನುವ ಚಿಂತೆಯೇ ನನಗೆ ಬರಲಿಲ್ಲ. ಅವರು ಕಣ್ಣು ಮುಚ್ಚುವ ತನಕ ನಾನು ಕರೆದದ್ದು ಮಾಮಾ ಎಂದೇ.

ಆಯಿ ಅತ್ತೆಯಾದದ್ದು ನನಗೆ ಬಹಳ ದಿನ ತಿಳಿಯಲೇ ಇಲ್ಲ. ಅತ್ತೆ ಬೈದಳೆಂದರೆ ಅಳುತ್ತ ಆಯಿಯ ಮಡಿಲಿಗೆ ಓಡುತ್ತಿದ್ದೆ. ಇಬ್ಬರೂ ಒಬ್ಬಳೇ. ಆಕೆಯೂ ಅಂಥವಳೇ. ರೊಟ್ಟಿ ಸುಡುವಾಗ ಹೊತ್ತಿಸಿದೆನೆಂದು ತಲೆಗೆ ಮೊಟಕಿದವಳು, ಅರೆಗಳಿಗೆಯ ಮೇಲೆ ನನ್ನ ಕಣ್ಣು ಒರೆಸುತ್ತ ಹೇಳುತ್ತಿದ್ದಳು: “ನಿಮ್ಮತ್ತಿ ಭಾಳ ಜಿಗಟ ಹೆಂಗಸು. ನೀ ಅಳಬ್ಯಾಡ, ನಾ ಆಕೀಗೆ ಹೇಳ್ತೀನಿ.”

ಮನೆಯೇನು ಅರಮನೆಯಲ್ಲ. ನಮ್ಮ ಕಡೆ ಎಲ್ಲರಿಗೂ ಇರುವಂಥ, ಮರದ ಜಂತಿಯ ಮೇಲೆ ಮಣ್ಣು ಹಾಸಿದ ಸಪಾಟು ಮಾಳಿಗೆಯ ಮನೆ. ಒಳಗೆ ಕಾಲಿಟ್ಟರೆ ಮೊದಲು ಎತ್ತು ಕಟ್ಟುವ ಜಾಗ, ಅದರ ಮೇಲೆ ಎರಡು ಮೆಟ್ಟಿಲು ಎತ್ತರಕ್ಕೆ ಪಡಸಾಲೆ, ಹಿಂದೆ ನಡುಕೋಣೆ, ಪಕ್ಕದಲ್ಲಿ ಅಡುಗೆಮನೆ. ಆದರೆ ಜಂತಿಗಳು ಸಾಗವಾನಿಯವು. ಮಾಮಾನ ಅಜ್ಜ ದಾಂಡೇಲಿಯ ಕಡೆಯಿಂದ ಗಾಡಿ ಕಟ್ಟಿಸಿ ತರಿಸಿದ್ದನಂತೆ. ಅಡುಗೆಮನೆಯ ಮಾಳಿಗೆಯಲ್ಲಿ ಒಂದು ಬೆಳಕಿಂಡಿ. ಹೊಗೆ ಹೊರಗೆ ಹೋಗಲಿ, ಬೆಳಕು ಒಳಗೆ ಬರಲಿ ಎಂದು ಬಿಟ್ಟ ತೂತು. ಅದರಿಂದ ಬಿಸಿಲು ಒಂದು ರೊಟ್ಟಿಯಷ್ಟು ಅಗಲಕ್ಕೆ ನೆಲದ ಮೇಲೆ ಬೀಳುತ್ತಿತ್ತು. ಆ ಬಿಸಿಲು ಒಳಕಲ್ಲಿನ ಹತ್ತಿರ ಬಂದರೆ ಹೊಲಕ್ಕೆ ಬುತ್ತಿ ಕಳಿಸಬೇಕು, ನೀರಿನ ಹಂಡೆ ಮುಟ್ಟಿದರೆ ಎಮ್ಮೆ ಹಿಂಡಬೇಕು. ಗಡಿಯಾರ ನೋಡಲು ನನಗೆ ಇವತ್ತಿಗೂ ಬರುವುದಿಲ್ಲ. ಜೋರಾಪುರ ಪೇಟೆಯ ಮನೆಯಲ್ಲಿ ಗೋಡೆಯ ಮೇಲೆ ಗಡಿಯಾರವಿದೆ, ನಾನು ಮೊಮ್ಮಕ್ಕಳನ್ನು ಕೇಳುತ್ತೇನೆ. ಅವು ಆಟದ ಹೊತ್ತಿನಲ್ಲಿ ಒಂದು ತಾಸು ಕಡಿಮೆ ಮಾಡಿ ಹೇಳುತ್ತವೆ.

ಮಳೆಯ ಹನಿ ಬಿದ್ದರೆ ಯಾರಾದರೂ ನಿಚ್ಚಣಿಕೆ ಏರಿ ಬೆಳಕಿಂಡಿಯ ಮೇಲೆ ಗಡಿಗೆ ಬೋರಲು ಹಾಕಬೇಕು. ಇಲ್ಲದಿದ್ದರೆ ಮಳೆ ನೇರ ಒಲೆಗೆ. ಇದಕ್ಕೆಂದು ಮನೆಯಲ್ಲಿ ಯಾರನ್ನೂ ನೇಮಿಸಿರಲಿಲ್ಲ, ಮೊದಲ ಹನಿ ಯಾರಿಗೆ ಬಿತ್ತೋ ಅವರು ಓಡಬೇಕು. ನಾನು ಓಡಿದೆ, ಮಾಮಾ ಓಡಿದರು, ಆಮೇಲೆ ನನ್ನ ಮಗ ಶಿವಪ್ಪ ಆರು ವರ್ಷದವನಾದಾಗಿನಿಂದ ಬೇರೆ ಯಾರಿಗೂ ಅವಕಾಶವನ್ನೇ ಕೊಡಲಿಲ್ಲ.

ಇನ್ನೊಂದು ಹೇಳಿಬಿಡುತ್ತೇನೆ. ಪಡಸಾಲೆಯ ಮೂಲೆಯಲ್ಲಿ ಜೋಳ ತುಂಬುವ ಗುಮ್ಮಿ ಇತ್ತು. ಮಣ್ಣು ಮೆತ್ತಿದ ಬಿದಿರಿನ ಬುಟ್ಟಿ, ನನಗಿಂತ ಎತ್ತರ. ಮದುವೆಯಾದ ಹೊಸತರಲ್ಲಿ ಓಣಿಯ ಹುಡುಗಿಯರ ಜೊತೆ ಕಣ್ಣುಮುಚ್ಚಾಲೆ ಆಡುತ್ತ ಖಾಲಿ ಗುಮ್ಮಿಯೊಳಗೆ ಇಳಿದೆ. ಒಳಗೆ ತಂಪು, ಕತ್ತಲೆ, ಹಳೆಯ ಜೋಳದ ವಾಸನೆ. ಹಾಗೇ ನಿದ್ದೆ ಹೋದೆ. ಹೊರಗೆ ಊರಿಗೆ ಊರೇ ಹುಡುಕಿತು. ಹೊಸ ಸೊಸೆ ಬಾವಿಗೆ ಬಿದ್ದಳೆಂದು ಇಬ್ಬರು ಬಾವಿಗೂ ಇಳಿದರು. ನಾನು ಎದ್ದವಳೇ ಹೊರಬರಲಾಗದೆ ಒಳಗಿನಿಂದ ಹಸಿವಾಗುತ್ತಿದೆ ಎಂದು ಕೂಗಿದೆನಂತೆ. ಮಾಮಾ ಗುಮ್ಮಿಯನ್ನು ಉರುಳಿಸಿ ನನ್ನನ್ನು ಎಳೆದುಕೊಂಡರು. ಎಲ್ಲರ ಎದುರಿಗೆ ಬೈದರು, ಆಮೇಲೆ ಹಿತ್ತಲಿಗೆ ಕರೆದು ಕೈಯಲ್ಲಿ ಒಂದು ಬೆಲ್ಲದ ತುಣುಕು ಇಟ್ಟರು. ಹದಿನೇಳು ವರ್ಷದ ಗಂಡ, ಹತ್ತು ವರ್ಷದ ಹೆಂಡತಿ. ಈಗ ನೆನೆದರೆ ನಗು ಬರುತ್ತದೆ. ಅವರು ಹೋಗಿ ಆರು ವರ್ಷವಾಯಿತು. ನಗು ಬಂದ ಮೇಲೆ ಇನ್ನೊಂದೂ ಬರುತ್ತದೆ, ಅದನ್ನು ಇಲ್ಲಿ ಬರೆಯುವುದಿಲ್ಲ.

ಈಗ ಬೊಟ್ಟಿನ ವಿಷಯ. ಬಸುರಿಯರ ದಿನ ಎಣಿಸುವುದನ್ನು ನನಗೆ ಕಲಿಸಿದ್ದು ಆಯಿ. ಅಮಾವಾಸ್ಯೆಗೊಮ್ಮೆ ಬಾಗಿಲ ಹಿಂದಿನ ಗೋಡೆಗೆ ಒಂದು ಸುಣ್ಣದ ಬೊಟ್ಟು. ಒಂಬತ್ತು ಬೊಟ್ಟಾದ ಮೇಲೆ ಒಂಬತ್ತು ದಿನ ಕಾಯಬೇಕು, ಅಷ್ಟೇ. ಆಯಿ ಹೋದ ಮೇಲೆ ಆ ಕೆಲಸ ನನಗೆ ಬಂತು. ಮಾಮಾ ಜೋರಾಪುರ ಪೇಟೆಯಲ್ಲಿ ಬೆಲ್ಲದ ಅಂಗಡಿ ಹಾಕಿ ನಾವೆಲ್ಲ ಬಿಜ್ಜರಗಿಗೆ ಬೀಗ ಹಾಕಿ ಬಂದೆವಲ್ಲ, ಬರುವಾಗ ಆ ವಿದ್ಯೆಯನ್ನೂ ತಂದೆ. ಓಣಿಯ ಹೆಣ್ಣುಮಕ್ಕಳೆಲ್ಲ ನನ್ನ ಹತ್ತಿರವೇ ಬರುತ್ತಾರೆ. ನಮ್ಮ ಬಾಗಿಲ ಹಿಂದಿನ ಗೋಡೆ ನೋಡಿದರೆ ಓಣಿಯ ಯಾವ ಮನೆಯಲ್ಲಿ ಯಾವಾಗ ತೊಟ್ಟಿಲು ಎಂದು ಹೇಳಬಹುದು. ಇಷ್ಟು ವರ್ಷದಲ್ಲಿ ನಾಲ್ಕೈದು ದಿನಕ್ಕಿಂತ ಹೆಚ್ಚು ಹಿಂದುಮುಂದಾದದ್ದಿಲ್ಲ. ಇದನ್ನು ನಾನು ಎಲ್ಲರಿಗೂ ಹೇಳಿಕೊಂಡು ತಿರುಗುತ್ತಿದ್ದೆ ಎನ್ನುವುದೂ ನಿಜ.

ಕಾಶಿಗೆ ಯುಗಾದಿಯ ಮುಂದೆ ಬಸುರು ನಿಂತಿತು. ಬಬಲೇಶ್ವರದಲ್ಲಿ ಶಾಲೆಯ ಮಾಸ್ತರರಾಗಿರುವ ಅಳಿಯಂದಿರೇ ಬಂದು ಪಡಸಾಲೆಯಲ್ಲಿ ಕುಳಿತು, ಹೇಗೆ ಹೇಳಬೇಕೆಂದು ತಿಳಿಯದೆ ಎರಡು ಲೋಟ ನೀರು ಕುಡಿದು ಹೋದರು. ನೀರು ಕುಡಿದ ರೀತಿಯಲ್ಲೇ ನನಗೆ ತಿಳಿಯಿತು. ಅಂದೇ ಗೋಡೆಯ ಮೇಲೆ ಕಾಶಿಗೆಂದು ಬೇರೆ ಜಾಗ ತೆಗೆದೆ, ಎಲ್ಲರ ಬೊಟ್ಟಿಗಿಂತ ಮೇಲೆ.

ಬೊಟ್ಟು ಬೀಳುತ್ತ ಹೋದವು. ನಡುವೆ ದೇಶಕ್ಕೆ ಸ್ವರಾಜ್ಯ ಬಂತು. ಮೊಮ್ಮಕ್ಕಳಿಬ್ಬರೂ ಶಾಲೆಯಲ್ಲಿ ಬಾವುಟ ಏರಿಸಿ, ಪೇಢೆ ತಿಂದು, ಒಂದು ಪೇಢೆ ನನಗೂ ಕಿಸೆಯಲ್ಲಿ ತಂದರು. ಏಳರಲ್ಲಿ ಸೀಮಂತದ ಕುಬಸ ಮಾಡಿ ಕಾಶಿಯನ್ನು ಕರೆದುಕೊಂಡು ಬಂದೆವು.

ದೀಪಾವಳಿ ಮುಗಿದ ಮೇಲೆ ಒಂದು ದಿನ ಶಿವಪ್ಪ ಊಟಕ್ಕೆ ಕುಳಿತಾಗ ಬಿಜ್ಜರಗಿಯ ಮಾತು ತೆಗೆದ. ಹುಡುಗರು ಬೆಳೆಯುತ್ತಿದ್ದಾರೆ, ಜೋರಾಪುರ ಪೇಟೆಯ ಮನೆ ಸಾಲುವುದಿಲ್ಲ, ಮೇಲೆ ಒಂದು ಅಂತಸ್ತು ಎಬ್ಬಿಸಬೇಕು, ಯುದ್ಧ ಮುಗಿದರೂ ಪೇಟೆಯಲ್ಲಿ ಒಳ್ಳೆಯ ಸಾಗವಾನಿ ಸಿಗುವುದಿಲ್ಲ, ಅಲ್ಲಿ ನಮ್ಮವೇ ಜಂತಿಗಳು ಗೆದ್ದಲಿಗೆ ಕಾದು ಕುಳಿತಿವೆ. ಅವನು ಹೇಳಿದ್ದರಲ್ಲಿ ಒಂದೂ ಸುಳ್ಳಲ್ಲ. ನಮ್ಮ ಕಡೆ ಎಲ್ಲರೂ ಮಾಡುವುದೇ ಅದು, ಹಳೆಯ ಮನೆ ಬಿಚ್ಚಿ ಹೊಸ ಮನೆಗೆ ಹಾಕುವುದು. ನಾನು ಮೊರದಲ್ಲಿ ಜೋಳ ಹಸನು ಮಾಡುತ್ತ ಕುಳಿತಿದ್ದೆ. ತಲೆ ಎತ್ತದೆ ಹೂಂ ಎಂದೆ. ಸೊಸೆ ಸುಶೀಲಾ ಆಮೇಲೆ ಬಂದು ನೋಡಿದರೆ ನಾನು ಜೋಳವನ್ನೆಲ್ಲ ಆರಿಸಿ ಹೊರಗೆ ಚೆಲ್ಲಿ ಹರಳನ್ನು ಮೊರದಲ್ಲಿ ಉಳಿಸಿಕೊಂಡಿದ್ದೆನಂತೆ. ಆಕೆ ಚೆಲ್ಲಿದ ಜೋಳ ಬಳಿದುಕೊಂಡು ಹೋದಳು. ಒಳ್ಳೆಯ ಹುಡುಗಿ.

ಬಡಿಗ ಮಾನಪ್ಪ ಸೋಮವಾರ ಕೆಲಸ ಹಿಡಿಯುತ್ತಾನೆ, ಬುಧವಾರ ಶಿವಪ್ಪ ಗಾಡಿ ತೆಗೆದುಕೊಂಡು ಹೋಗಿ ಜಂತಿ ತರುತ್ತಾನೆ ಎಂದು ಗೊತ್ತಾಯಿತು. ನನಗೆ ಒಮ್ಮೆ ಹೋಗಿ ನೋಡಿ ಬರಬೇಕೆನಿಸಿತು, ಆದರೆ ಏನೆಂದು ಹೇಳಿ ಹೋಗಲಿ? ಆಗ ಕಾಶಿ ತಾನೇ ದಾರಿ ಮಾಡಿಕೊಟ್ಟಳು.

“ಯವ್ವಾ, ನನಗ ಬಿಜ್ಜರಗಿ ಪಡಸಾಲಿ ಗ್ವಾಡೀಗೆ ಮೂಗ ಹಚ್ಚಿ ಮಣ್ಣಿನ ವಾಸನಿ ತಗೋಬೇಕು ಅನಸಾಕತ್ತೈತಿ,” ಎಂದಳು.

ಬಸುರಿಯ ಬಯಕೆ. ತೀರಿಸದಿದ್ದರೆ ಹುಟ್ಟುವ ಕೂಸಿನ ಕಿವಿ ಸೋರುತ್ತದೆ ಎನ್ನುತ್ತಾರೆ. ಸುಶೀಲಾ ಆ ಗೋಡೆಯ ಒಂದು ಹೆಂಟೆ ತರಿಸಿಕೊಟ್ಟರೆ ಸಾಕಲ್ಲ ಎಂದಳು. ಹೆಂಟೆಯಿಂದ ಬಯಕೆ ತೀರುತ್ತದೇನೇ ಎಂದು ನಾನು ಗದರಿದೆ. ಬಯಕೆ ಯಾರದು ಎಂದು ಆಕೆಗೆ ಆಗಲೇ ಗೊತ್ತಾಗಿರಬೇಕು. ಆದರೂ ಒಂದು ಮಾತು ಹೇಳಿದಳು.

“ಅತ್ತೀ, ಹೊಟ್ಟಿ ಕೆಳಗ ಇಳದೈತ್ರಿ. ಗಾಡ್ಯಾಗ ಕುಂದರಸಬ್ಯಾಡ್ರಿ.”

“ನಾ ಎಣಸೀನಿ. ಎಂಟ ಬೊಟ್ಟ ಆಗ್ಯಾವ. ಇನ್ನೂ ತಿಂಗಳ ಐತಿ,” ಎಂದೆ. ಎಷ್ಟು ಜಂಬದಿಂದ ಎಂದೆನೆಂದರೆ, ಈಗ ಬರೆಯುವಾಗಲೂ ಕಿವಿ ಬಿಸಿಯಾಗುತ್ತದೆ.

ಮಂಗಳವಾರ ಬೆಳಿಗ್ಗೆ ಇದ್ದಿಲಿನ ಹೊಗೆಯಿಂದ ಓಡುವ ಮೋಟಾರಿನಲ್ಲಿ ಟಿಕೋಟಾಕ್ಕೆ ಬಂದೆವು. ಅಲ್ಲಿಂದ ಚಕ್ಕಡಿ. ಮೊಣಕಾಲುದ್ದ ಹುಲ್ಲು ಹಾಸಿ, ಮೇಲೆ ಎರಡು ಕೌದಿ ಹಾಕಿ, ಎತ್ತು ಓಡಿಸಿದರೆ ನಿನ್ನ ಮೀಸೆ ಬೋಳಿಸುತ್ತೇನೆ ಎಂದು ಗಾಡಿಯವನಿಗೆ ಹೇಳಿ ಕಾಶಿಯನ್ನು ಕೂರಿಸಿದೆ. ಅವನಿಗೆ ಮೀಸೆಯೇ ಇರಲಿಲ್ಲ. ಆದರೂ ನಿಧಾನ ಹೊಡೆದ.

ನಾವು ಹೋಗುವಷ್ಟರಲ್ಲಿ ಮಾನಪ್ಪ ಅಡುಗೆಮನೆಯ ಒಂದು ಬದಿಯ ಮಾಳಿಗೆಯ ಮಣ್ಣು ಕೆರೆದು ಎರಡು ಜಂತಿ ಇಳಿಸಿದ್ದ. ಬೆಳಕಿಂಡಿ ಇನ್ನೂ ಇತ್ತು, ಪಕ್ಕದಲ್ಲಿ ಎಮ್ಮೆ ಹಾಯುವಷ್ಟು ಆಕಾಶ. ಅಡುಗೆಮನೆಯ ತುಂಬ ಬಿಸಿಲು ನಿಂತಿತ್ತು. ಅಲ್ಲಿ ಅಷ್ಟು ಬಿಸಿಲನ್ನು ನಾನು ಎಂದೂ ಕಂಡಿರಲಿಲ್ಲ. ನೋಡಲಾಗದೆ ಪಡಸಾಲೆಗೆ ಬಂದೆ. ಅಲ್ಲಿ ಕಾಶಿ ಗೋಡೆಗೆ ಕೆನ್ನೆ ಒತ್ತಿ ಕಣ್ಣು ಮುಚ್ಚಿ ನಿಂತಿದ್ದಳು. ಬುತ್ತಿ ಬಿಚ್ಚಿ ಉಂಡೆವು. ಕೈ ತೊಳೆಯಲು ಎದ್ದವಳು ಕಂಬ ಹಿಡಿದು ಅಲ್ಲೇ ಕುಸಿದು, “ಯವ್ವಾ, ಸೊಂಟ ಹಿಡಕೊಂಡೈತಿ,” ಎಂದಳು.

ಗಾಡಿಯ ಕುಲುಕಿಗೆ ಹಿಡಿದಿರಬೇಕೆಂದು ನಾನು ಎಣ್ಣೆ ತಿಕ್ಕಿದೆ. ಎರಡನೆಯ ನೋವು ಬಂದಾಗ ನನ್ನ ಕೈ ನಿಂತಿತು. ಮೂರನೆಯದಕ್ಕೆ ನಾನು ಹೊರಗೆ ಓಡಿ ಸೂಲಗಿತ್ತಿ ನೀಲವ್ವನನ್ನು ಕೂಗುತ್ತಿದ್ದೆ. ನಡುಕೋಣೆಯ ಹನ್ನೆರಡು ವರ್ಷದ ದೂಳನ್ನು ಓಣಿಯ ಹೆಂಗಸರು ಹೇಗೆ ಗುಡಿಸಿದರೋ, ಹೊರಸು ಯಾರು ತಂದರೋ, ನನಗೆ ಒಂದೂ ನೆನಪಿಲ್ಲ. ನೆನಪಿರುವುದು ಒಂದೇ, ಎಂಟು ಬೊಟ್ಟು. ಎಂಟು ತುಂಬಿ ಹುಟ್ಟಿದ ಕೂಸು ಉಳಿಯುವುದು ಕಷ್ಟ ಎಂದು ಆಯಿ ಹೇಳಿದ್ದಳು. ಎಂಟು ವರ್ಷ ಕಾದು ಬಸುರಾದ ಮಗಳನ್ನು ನನ್ನ ಹಳೆಯ ಗೋಡೆಯ ಆಸೆಗೆ ಗಾಡಿಯಲ್ಲಿ ಕುಲುಕಿಸಿಕೊಂಡು ತಂದೆನಲ್ಲ ಎಂದು ಹೊಸ್ತಿಲ ಮೇಲೆ ತಲೆ ಹಿಡಿದು ಕುಳಿತೆ.

ದೀಪ ಹಚ್ಚುವ ಹೊತ್ತಿಗೆ ಒಳಗಿನಿಂದ ಅಳು ಕೇಳಿತು. ಸಣ್ಣ ಅಳುವಲ್ಲ, ಮಾಳಿಗೆಯ ಮಣ್ಣು ಉದುರುವಂಥದು. ನೀಲವ್ವ ಕೂಸನ್ನು ಹಳೆಯ ಸೀರೆಯಲ್ಲಿ ಸುತ್ತಿ ದೀಪಕ್ಕೆ ಹಿಡಿದಳು.

“ಗಂಗವ್ವಾ, ಎಂಟ ತಿಂಗಳದ್ದು ಅಂದಿ? ಉಗುರ ನೋಡಿಲ್ಲಿ. ಇದು ತುಂಬಿದ ಕೂಸು. ಎಣಸಿದಾಕಿ ಯಾರ?”

ಯುಗಾದಿಯಿಂದ ಬೆರಳು ಮಡಚಿದೆ. ಚೈತ್ರ, ವೈಶಾಖ, ಜ್ಯೇಷ್ಠ, ಆಷಾಢ, ಶ್ರಾವಣ, ಭಾದ್ರಪದ, ಆಶ್ವಿನ, ಕಾರ್ತಿಕ. ಎಂಟೇ. ಇನ್ನೊಮ್ಮೆ ಮಡಚಿದೆ. ಆಗಲೂ ಎಂಟೇ. ಮಾನಪ್ಪ ಮಾಳಿಗೆಯಿಂದ ಇಳಿದು ಎತ್ತು ಕಟ್ಟುವ ಜಾಗದಲ್ಲಿ ಮರ್ಯಾದೆಯಿಂದ ಆಚೆ ಮುಖ ಮಾಡಿ ಕುಳಿತಿದ್ದ. ನನ್ನ ಗೊಣಗು ಅವನಿಗೆ ಕೇಳುತ್ತಿತ್ತು.

“ಅವ್ವಾರ, ಈ ವರ್ಷ ಎರಡ ಶ್ರಾವಣ ಬಂದಾವ್ರಿ,” ಎಂದ. “ನಿಮಗ ಮರತಿರಬೇಕು, ನನಗ ಮರಿಯಂಗಿಲ್ಲ. ಆಷಾಢದಾಗ ಯಾರೂ ಮನಿ ಸುರು ಮಾಡಂಗಿಲ್ಲ, ಅದರ ಬೆನ್ನಿಗೆ ಅಧಿಕ ಮಾಸ. ಎರಡ ತಿಂಗಳ ಉಳಿಗೆ ಜಂಗ ಹತ್ತಿತ್ತು.”

ನಾನು ಮರೆತಿರಲಿಲ್ಲ. ಅದೇ ಹೇಳಲು ನಾಚಿಕೆ. ಅಧಿಕ ಮಾಸದ ಅಮಾವಾಸ್ಯೆಯ ದಿನ ಸುಣ್ಣದ ಬಟ್ಟಲು ಕೈಯಲ್ಲಿ ಹಿಡಿದು ಗೋಡೆಯ ಮುಂದೆ ನಿಂತಿದ್ದೆ. ಈ ತಿಂಗಳಲ್ಲಿ ಮದುವೆ ಇಲ್ಲ, ಮನೆ ಕಟ್ಟುವುದಿಲ್ಲ, ಒಳ್ಳೆಯ ಕೆಲಸ ಒಂದೂ ಇಲ್ಲ, ಇಂಥ ತಿಂಗಳ ಬೊಟ್ಟನ್ನು ಎಂಟು ವರ್ಷದ ಮೇಲೆ ಬಂದ ಬಸುರಿಗೆ ಯಾಕೆ ಹಚ್ಚಲಿ ಎಂದು ಬಟ್ಟಲು ಕೆಳಗಿಟ್ಟೆ. ಬೇರೆಯವರಿಗೆಲ್ಲ ಹಚ್ಚಿದೆ, ನನ್ನ ಮಗಳಿಗೆ ಬಿಟ್ಟೆ, ಆಮೇಲೆ ಗೋಡೆಯ ಮೇಲಿದ್ದ ಬೊಟ್ಟನ್ನಷ್ಟೇ ಎಣಿಸುತ್ತ ಹೋದೆ. ಕೂಸು ಮಾತ್ರ ಹೊಟ್ಟೆಯೊಳಗೆ ಅಧಿಕ ಮಾಸವನ್ನೂ ಹಿಡಿದು ಸರಿಯಾಗಿ ಬೆಳೆಯುತ್ತಿತ್ತು. ನೀಲವ್ವ ನಕ್ಕಳು, ಒಳಗೆ ಕಾಶಿ ನಕ್ಕಳು, ನಾನು ನಗುತ್ತಲೇ ಅತ್ತುಬಿಟ್ಟೆ.

ಆಮೇಲೆ ಮಾನಪ್ಪ ಎದ್ದು ಹಾರೆಯನ್ನು ಗೋಡೆಗೆ ಒರಗಿಸಿದ. ಬಾಣಂತಿ ಮಲಗಿದ ಮನೆಯ ಮೇಲೆ ತಾನು ಕೈಯಾಡಿಸುವುದಿಲ್ಲ, ತನ್ನ ಅಪ್ಪನೂ ಮಾಡಿರಲಿಲ್ಲ ಎಂದ.

ಬುಧವಾರ ಹೊತ್ತೇರುವಾಗ ಶಿವಪ್ಪ ಎರಡು ಖಾಲಿ ಗಾಡಿ ತಂದ. ಜಂತಿ ಕೇಳಿದವನ ಕೈಗೆ ಸೊಸೆಯನ್ನು ಕೊಟ್ಟೆ. ತಂಗಿಯ ಮಗಳೆಂದರೆ ನಮ್ಮಲ್ಲಿ ಸೊಸೆಯೇ. ಕೂಸನ್ನು ನೋಡಿ ಅವನ ಮುಖ ಅರಳಿತು. ಆಮೇಲೆ ಮಾಳಿಗೆ ನೋಡಿದ, ನನ್ನ ಮುಖ ನೋಡಿದ.

“ಯವ್ವಾ, ನೀ ಬೇಕಂತ ಮಾಡಿದಿ ಬೇ.”

“ಇಲ್ಲಪ್ಪಾ. ಎಣಿಕಿ ತಪ್ಪೇತಿ.”

“ಇಡೀ ಪೇಟಿಗೆ ದಿನಾ ಹೇಳಾಕಿ ನೀನು. ನಿನ್ನ ಮಗಳದ ತಪ್ಪೂದು?”

ಇವತ್ತಿಗೂ ಜೋರಾಪುರ ಪೇಟೆಯಲ್ಲಿ ಯಾರೂ ನನ್ನನ್ನು ನಂಬಿಲ್ಲ. ಗಂಗವ್ವನ ಹೊಟ್ಟೆಯಲ್ಲಿ ಎಷ್ಟು ಹಲ್ಲು ನೋಡಿ ಎನ್ನುತ್ತಾರಂತೆ. ಗಾಡಿ ಹತ್ತಿಸಿದ್ದರಲ್ಲಿ ನನ್ನ ಕಳ್ಳತನ ಇತ್ತು, ಒಪ್ಪುತ್ತೇನೆ. ಎಣಿಕೆ ತಪ್ಪಿದ್ದು ಮಾತ್ರ ಸತ್ಯವಾಗಿ ತಪ್ಪಿದ್ದೇ.

ಶಿವಪ್ಪ ಹಟದವನು, ಅವರಪ್ಪನ ಹಾಗೆ. ನೀಲವ್ವ ಐದು ವಾರ ಬಾಣಂತಿಯನ್ನು ಕದಲಿಸಬಾರದು ಎಂದಳು. ಅವನು ಹದಿಮೂರು ದಿನ ಕೊಟ್ಟ. ತೊಟ್ಟಿಲಾದ ಮರುದಿನ ಕಾಶಿಯನ್ನು ಟಿಕೋಟಾದಲ್ಲಿರುವ ಅವರ ಕಾಕಾನ ಮನೆಗೆ ಒಯ್ಯುವುದು, ಮಾನಪ್ಪ ಉಳಿದ ಜಂತಿ ಇಳಿಸುವುದು. ಖಾಲಿ ಗಾಡಿ ಖಾಲಿಯಾಗಿಯೇ ಹಿಂದಿರುಗಿದವು. ನಾನು ಮತ್ತೆ ಹೂಂ ಎಂದೆ. ಅವನದು ಬೆಳೆಯುವ ಮಕ್ಕಳಿರುವ ಸಂಸಾರ, ನನ್ನದು ನೆನಪು. ನೆನಪಿಗೆ ಜಂತಿ ಬೇಕೆಂದು ಯಾವ ಬಾಯಿಯಿಂದ ಕೇಳಲಿ?

ಆ ಹದಿಮೂರು ದಿನ ಹೇಗಿದ್ದೆವು ಅಂತೀರಿ. ಅರ್ಧ ಮಾಳಿಗೆ ಇಲ್ಲದ ಅಡುಗೆಮನೆಯಲ್ಲಿ ಅಡುಗೆ. ಕಾಗೆ ನೇರ ಒಲೆಯ ಹತ್ತಿರ ಇಳಿದು ರೊಟ್ಟಿ ಎತ್ತಿಕೊಂಡು ಮೇಲಿನಿಂದಲೇ ಹೋಗುತ್ತಿತ್ತು. ಬಾಣಂತಿಗೆ ಕಾಯಿಸಿದ ನೀರಿನ ಹೊಗೆ, ಲೋಬಾನದ ಹೊಗೆ, ಬೆಳ್ಳುಳ್ಳಿ ಒಗ್ಗರಣೆ, ಎಲ್ಲ ಸೇರಿ ಹನ್ನೆರಡು ವರ್ಷದ ಮುಗ್ಗಲು ವಾಸನೆ ಹೋಯಿತು. ನಾನು ಕಾಶಿಗೆ ಈ ಮನೆಯ ಸುಖವನ್ನೆಲ್ಲ ಹೇಳುತ್ತ ಕೂತರೆ ಆಕೆ ನೆನಪಿಸಿದಳು, ಜಂತಿಯಿಂದ ಚೇಳು ಬೀಳುತ್ತದೆಂದು ನಾವು ದಿನಾ ಮಲಗುವ ಮುಂದೆ ಹಾಸಿಗೆ ಝಾಡಿಸುತ್ತಿದ್ದೆವಂತೆ. ಇರಬಹುದು. ನನಗೆ ಚೇಳು ನೆನಪಿಲ್ಲ.

ಶಿವಪ್ಪ ಎರಡು ದಿನಕ್ಕೊಮ್ಮೆ ಬರುತ್ತಿದ್ದ. ಒಣ ಕೊಬ್ಬರಿ, ಅಂಟು, ಅಳವಿ, ಬಾಣಂತಿಗೆ ಬೇಕಾದದ್ದೆಲ್ಲ ತರುತ್ತಿದ್ದ, ಜಂತಿಗಳನ್ನು ಕಣ್ಣಲ್ಲೇ ಅಳೆಯುತ್ತಿದ್ದ, ಹೋಗುತ್ತಿದ್ದ. ಹನ್ನೊಂದನೆಯ ದಿನ ಮಧ್ಯಾಹ್ನ ಬಂದು ಪಡಸಾಲೆಯಲ್ಲಿ ಅಡ್ಡಾಗಿದ್ದ. ಬೆಳಿಗ್ಗೆಯಿಂದ ಮೋಡ ಕವಿದಿತ್ತು. ಮಾರ್ಗಶಿರದಲ್ಲಿ ಮಳೆ ಎಲ್ಲಿಂದ ಬರಬೇಕು ಎಂದು ನಾನು ಒಲೆಯ ಮುಂದೆ ಅಳವಿ ಪಾಯಸ ತಿರುವುತ್ತಿದ್ದೆ. ದಪ್ಪ ಹನಿ ನಾಲ್ಕು ಪಟಪಟ ಬಿದ್ದವು. ನಾನು ಏಳುವಷ್ಟರಲ್ಲಿ ಹಿತ್ತಲಲ್ಲಿ ನಿಚ್ಚಣಿಕೆ ಕಿರುಗುಟ್ಟಿತು. ಮೇಲೆ ದಡದಡ ಹೆಜ್ಜೆ. ಬೆಳಕಿಂಡಿಯಲ್ಲಿ ಕತ್ತಲಾಯಿತು, ಗಡಿಗೆ ಬೋರಲು ಬಿತ್ತು.

ಮೂವತ್ತೆರಡು ವರ್ಷದ ಬೆಲ್ಲದ ವ್ಯಾಪಾರಿ, ಮಲಗಿದ್ದಲ್ಲಿಂದ ಎದ್ದು, ಕಣ್ಣು ಪೂರ್ತಿ ತೆರೆಯುವ ಮೊದಲೇ ಗಡಿಗೆ ಹುಡುಕಿಕೊಂಡು ಮಾಳಿಗೆ ಏರಿದ್ದ. ಪಕ್ಕದಲ್ಲಿ ಎಮ್ಮೆ ಹಾಯುವಷ್ಟು ಮಾಳಿಗೆಯೇ ಇರಲಿಲ್ಲ. ಅಲ್ಲಿಂದ ಮಳೆ ಧಾರಾಳವಾಗಿ ಒಳಗೆ ಸುರಿಯುತ್ತಿತ್ತು. ಇವನು ಒಂದು ಗೇಣಿನ ತೂತಿಗೆ ಗಡಿಗೆ ಮುಚ್ಚಿ, ಅದು ಜಾರದಂತೆ ಎರಡು ಕೈಯಿಂದ ಒತ್ತಿ ಹಿಡಿದು ಕುಳಿತಿದ್ದ. ನಾನು ಕೆಳಗಿನಿಂದ ಆ ತೆರಪಿನಲ್ಲಿ ಅವನನ್ನು ನೋಡಿದೆ, ಅವನು ಮೇಲಿನಿಂದ ನನ್ನನ್ನು ನೋಡಿದ. ಇಬ್ಬರೂ ನೆನೆಯುತ್ತಿದ್ದೆವು. ಮೊದಲು ಅವನಿಗೆ ನಗು ಬಂತು. ಆಮೇಲೆ ಅವನು ಮುಖ ಆಚೆ ತಿರುಗಿಸಿದ. ಮಳೆ ಹತ್ತು ನಿಮಿಷವೂ ಬರಲಿಲ್ಲ. ಅವನು ಇಳಿದು ಬಂದು, ತಲೆ ಒರೆಸಿಕೊಂಡು, ಪಾಯಸ ಕುಡಿದು, ಟಿಕೋಟಾದ ದಾರಿ ಹಿಡಿದ. ಜಂತಿಯ ಮಾತು ನಾನೂ ಎತ್ತಲಿಲ್ಲ. ಕೇಳಿದರೆ ಏನಂದಾನೋ ಎಂದು ಹೆದರಿದೆ.

ನಿನ್ನೆ ತೊಟ್ಟಿಲು. ಬಬಲೇಶ್ವರದಿಂದ ಅಳಿಯಂದಿರು, ಅವರ ಅಕ್ಕ, ಇತ್ತ ಸುಶೀಲಾ, ಮೊಮ್ಮಕ್ಕಳು ಎಲ್ಲ ಬಂದರು. ಹೆಸರಿನ ಜಗಳ ಬೇರೆ. ನನಗೆ ಆಯಿಯ ಹೆಸರು ಬಸವ್ವ ಬೇಕು, ಮಾಸ್ತರರಿಗೆ ಸ್ವರಾಜ್ಯಲಕ್ಷ್ಮಿ ಆಗಬೇಕು. ಅವರ ಅಕ್ಕ ಜಾಣೆ. ಕೂಸಿನ ಬಲಗಿವಿಯಲ್ಲಿ ಒಂದು, ಎಡಗಿವಿಯಲ್ಲಿ ಒಂದು ಊದಿದಳು. ಹೆಸರಿಟ್ಟ ಅತ್ತೆಯ ಬೆನ್ನಿಗೆ ಗುದ್ದುವುದು ವಾಡಿಕೆಯಲ್ಲವೇ, ಎರಡು ಹೆಸರಿಗೆ ಎರಡು ಪಟ್ಟು ಗುದ್ದು ತಿಂದಳು. ಕೂಸು ಎರಡನ್ನೂ ಕೇಳಿ ಆಕಳಿಸಿತು.

ನಾನು ನಗುತ್ತಿದ್ದೆ, ಆದರೆ ಕಣ್ಣು ಬಾಗಿಲ ಕಡೆಗೆ. ಶಿವಪ್ಪ ಇನ್ನೂ ಬಂದಿರಲಿಲ್ಲ. ಇಳಿಹೊತ್ತಿಗೆ ಬಂದ. ಹಿಂದೆ ಎರಡು ಗಾಡಿ. ಅವೇ ಗಾಡಿಗಳು. ಹದಿನಾಲ್ಕನೆಯ ದಿನ ಎಂದವನು ಹದಿಮೂರರ ಸಂಜೆಗೇ ಗಾಡಿ ತಂದಿದ್ದಾನೆ. ನಾನು ಏನೂ ಕಾಣದವಳ ಹಾಗೆ ಒಳಗೆ ಬಂದು ಹೋಳಿಗೆ ಮಗುಚುತ್ತ ಕುಳಿತೆ. ಊಟಕ್ಕೆ ಕರೆದಿದ್ದ ಮಾನಪ್ಪ ಹೊರಗೆ ಹೋದ. ಅವನ ದನಿ ಕೇಳಿತು.

“ಸಾವ್ಕಾರ್ರ, ಖಾಲಿ ಗಾಡಿ ತರೂದ ಬಿಟ್ಟು ತುಂಬಿಕೊಂಡು ಬಂದೀರಲ್ಲ. ಏನೈತ್ರಿ ಇದರಾಗ?”

“ಕರ್ಲ ಮಣ್ಣು,” ಎಂದ ಶಿವಪ್ಪ.

ಕರ್ಲು ಮಣ್ಣು ಎಂದರೆ ಉಪ್ಪಿನಂಶದ ಬೂದು ಮಣ್ಣು, ಮಳೆಯ ನೀರು ಇಳಿಯದಿರಲೆಂದು ಮಾಳಿಗೆಯ ಮೇಲೆ ಹಾಸುವುದು. ಕೆಡವುವ ಮನೆಗೆ ಅದನ್ನು ಯಾರೂ ತರುವುದಿಲ್ಲ. ನಾನು ಹಿಟ್ಟಿನ ಕೈಯಲ್ಲೇ ಎದ್ದು ಹೋಗಿ ಗಾಡಿಗೆ ಹೊದಿಸಿದ್ದ ತಟ್ಟು ಎತ್ತಿ ನೋಡಿದೆ. ಮಣ್ಣೇ. ಒಂದು ಮುಷ್ಟಿ ಹಿಡಿದು ಬಿಟ್ಟೆ.

“ಮಾನಪ್ಪಾ, ನಾಳಿಗೆ ಆ ಎರಡೂ ಜಂತಿ ತಿರುಗಿ ಏರಸು,” ಎಂದ ಶಿವಪ್ಪ, ನನ್ನ ಕಡೆಗೆ ನೋಡದೆ. “ಪೇಟಿ ಮನಿ ಮ್ಯಾಲ ತಗಡ ಹೊದಿಸಿದರಾತು. ಮಕ್ಕಳಿಗೆ ತಗಡ ಸಾಕು.”

ಹೋಳಿಗೆ ಹೊತ್ತುತ್ತಿದೆ ಎಂದು ಸುಶೀಲಾ ಒಳಗಿನಿಂದ ಕರೆದಳು, ಅದು ಒಳ್ಳೆಯದಾಯಿತು.

ಹೊತ್ತು ಮುಳುಗುವ ಮೊದಲೇ ಎಲ್ಲರೂ ಅಡುಗೆಮನೆಯಲ್ಲೇ ಸಾಲಾಗಿ ಕುಳಿತೆವು. ಪಡಸಾಲೆ ದೊಡ್ಡದು, ಅಲ್ಲಿ ಕೂರಿ ಎಂದರೆ ಯಾರೂ ಕೇಳಲಿಲ್ಲ. ಸಜ್ಜೆ ರೊಟ್ಟಿ, ಬದನೆಕಾಯಿ ಎಣ್ಣೆಗಾಯಿ, ಶೇಂಗಾ ಹಿಂಡಿ, ಹೋಳಿಗೆ, ಕಟ್ಟಿನ ಸಾರು. ಗಂಡಸರು ಎದ್ದ ಮೇಲೆ ಉಣ್ಣುತ್ತೇನೆ ಎಂದ ನನ್ನನ್ನು ಸುಶೀಲಾ ಕೈ ಹಿಡಿದು ಸಾಲಿನಲ್ಲೇ ಕೂರಿಸಿ ತಾಟು ಇಟ್ಟಳು. ಮಾನಪ್ಪ ನಾಚುತ್ತ ಕೊನೆಗೆ ಕುಳಿತ, ಮೊಮ್ಮಕ್ಕಳು ಅವನ ಆಚೀಚೆ. ನಡುಕೋಣೆಯಿಂದ ಕಾಶಿ ಕೂಗಿದಳು, ಹದಿಮೂರು ದಿನದಿಂದ ಬೆಳ್ಳುಳ್ಳಿ ಅನ್ನ ತಿಂದು ನಾಲಿಗೆ ಸತ್ತಿದೆ, ಅರ್ಧ ಹೋಳಿಗೆ ಕೊಟ್ಟರೆ ಯಾರ ಗಂಟು ಹೋಗುತ್ತದೆ ಎಂದು. ಬಾಣಂತಿಗೆ ಹೋಳಿಗೆ ಕೊಡುವುದಿಲ್ಲ. ನೀಲವ್ವ ಆಚೆ ನೋಡಿದಾಗ ನಾನು ಎದ್ದು ಅರ್ಧ ಕೊಟ್ಟು ಬಂದೆ.

ಶಿವಪ್ಪನ ಹೋಳಿಗೆಗೆ ತುಪ್ಪ ಹಾಕಿದೆ. ಸಾಕ ಬೇ ಎಂದ. ಇನ್ನೂ ಹಾಕಿದೆ. ತುಪ್ಪ ತಾಟಿನ ಅಂಚಿಗೆ ಬಂತು. ಅವನು ತಾಟನ್ನು ಒಂದಿಷ್ಟು ವಾರೆ ಮಾಡಿ ಹಿಡಿದುಕೊಂಡು, ತಲೆ ತಗ್ಗಿಸಿ ಉಂಡ. ಅವನ ಪಕ್ಕದಲ್ಲಿ ಕುಳಿತು ನಾನೂ ಉಂಡೆ.